ಮುಂಬಯಿಯಲ್ಲಿ ಮಾತು ಕಲಿತ ಫಾರಸಿ ಚಿತ್ರ: ಅಬ್ದುಲ್ ಹುಸೇನ್ ಸೆಪಂತಾ ಅವರ ಜೀವನಕಥೆ

ಕನ್ನಡದ ಮೊದಲನೆಯ ವಾಕ್ಚಿತ್ರವು ಕನ್ನಡನಾಡಿನಲ್ಲಿ ತಯಾರಾದುದಲ್ಲವೆಂಬ ಸಂಗತಿಯನ್ನು ನಮ್ಮ ವಾಚಕರಲ್ಲಿ ಅನೇಕರು ಬಲ್ಲರು. 1934ರಲ್ಲಿ ಬೆಂಗಳೂರಿನ ಜನರು ನೋಡಿ ಸಂತೋಷಪಟ್ಟ ‘ಸತೀ ಸುಲೋಚನಾ’ ಎಂಬ ಚಿತ್ರವನ್ನು ತೆಗೆದದ್ದು ಕೊಲ್ಲಾಪುರದ ಸ್ಟುಡಿಯೋ ಒಂದರಲ್ಲಿ. ಮಾತನಾಡುವ ಚಿತ್ರಕ್ಕೆ ಬೇಕಾದ ಯಂತ್ರಸಾಮಗ್ರಿಯು ಆಗ ನಮ್ಮ ನಾಡಿನಲ್ಲಿ ಇರಲಿಲ್ಲ. ಆದುದರಿಂದ ನಮ್ಮ ನಟನಟಿಯರು ಗಂಟುಮೂಟೆ ಕಟ್ಟಿಕೊಂಡು ನೆರೆನಾಡಿಗೆ ಹೋಗಿ, ಅಲ್ಲಿ ನಮ್ಮ ಮಾತನ್ನು ಆಡಿ, ಅದನ್ನು ನಮಗೆ ತಂದು ಕೇಳಿಸಬೇಕಾಯಿತು. ಮನೆಯ ಮಗುವು ಪರರ ಮನೆಯಲ್ಲಿ ಹುಟ್ಟಿದಂತೆ ಆಯಿತೆಂದು ಯಾರಾದರೂ ಹೇಳಿದರೆ ಅದು ತಪ್ಪಲ್ಲ.

ಇದೇ ವಿಧವಾದ ಕಥೆಯು, ಇದಕ್ಕೆ ಕೆಲವೇ ತಿಂಗಳುಗಳ ಮುಂಚೆ, ನಮ್ಮ ದೇಶದಲ್ಲಿಯೇ ಇನ್ನೊಂದು ಭಾಷೆಗೂ ಸಂಭವಿಸಿತು. ಆ ಭಾಷೆ ಫಾರಸಿ. ಇರಾನ್ ದೇಶದ ಜನರು ತಮ್ಮ ನುಡಿಯನ್ನು ತೆರೆಯ ಮೇಲೆ ಮೊಟ್ಟಮೊದಲು ಕೇಳಿದ್ದು 1933ರಲ್ಲಿ. ಆ ಚಿತ್ರವು ತಯಾರಾದದ್ದು ನಮ್ಮ ಮುಂಬಯಿಯಲ್ಲಿ. ಅದನ್ನು ಬರೆದು, ಅದರ ನಾಯಕನಾಗಿ ನಟಿಸಿ, ಅನಂತರ ಇನ್ನೂ ನಾಲ್ಕು ಫಾರಸಿ ಚಿತ್ರಗಳನ್ನು ನಮ್ಮ ದೇಶದಲ್ಲಿಯೇ ತಯಾರಿಸಿ, ಕೊನೆಗೆ ತನ್ನ ದೇಶಕ್ಕೆ ಹಿಂದಿರುಗಿದ ಮೇಲೆ ಪೂರ್ಣ ಪ್ರಮಾಣದ ಒಂದು ಕಥಾಚಿತ್ರವನ್ನೂ ತೆಗೆಯಲಾರದೆ ಹೋದ ಮಹನೀಯರೊಬ್ಬರ ಜೀವನವನ್ನು ಈ ತಿಂಗಳು ವಾಚಕರ ಮುಂದೆ ಇಡುತ್ತಿದ್ದೇವೆ. ಅವರ ಹೆಸರು ಅಬ್ದುಲ್ ಹುಸೇನ್ ಸೆಪಂತಾ.

ಅವರಿಗಿಂತ ಮುಂಚೆ

ಸೆಪಂತಾ ಅವರ ವಿಚಾರವನ್ನು ಹೇಳುವುದಕ್ಕೆ ಮೊದಲು ಇರಾನಿನಲ್ಲಿ ಚಲಚ್ಚಿತ್ರವು ಹೇಗೆ ಕಾಲಿಟ್ಟಿತೆಂಬುದನ್ನು ಎರಡು ಮಾತುಗಳಲ್ಲಿ ತಿಳಿಸುವುದು ಅವಶ್ಯ. 1900ನೆಯ ಇಸವಿಯಲ್ಲಿ ಇರಾನಿನ ದೊರೆಯಾದ ಮುಜಫ್ಫರುದ್ದೀನ್ ಶಹನು ಯೂರೋಪಿನ ಪ್ರವಾಸದಲ್ಲಿದ್ದನು. ಫ್ರಾನ್ಸಿನಲ್ಲಿ ಚಲಿಸುವ ಚಿತ್ರಗಳನ್ನು ಕಂಡು ಬೆರಗಾದ ಆ ಅರಸನು, ತನ್ನ ಆಸ್ಥಾನದ ಛಾಯಾಚಿತ್ರಕಾರನಾದ ಮಿರ್ಜಾ ಇಬ್ರಾಹಿಂ ಖಾನನಿಗೆ ಅಂಥ ಯಂತ್ರವೊಂದನ್ನು ಕೊಂಡುಕೊಳ್ಳುವಂತೆ ಅಪ್ಪಣೆಮಾಡಿದನು. ಅದೇ ವರ್ಷದ ಆಗಸ್ಟ್ ತಿಂಗಳಲ್ಲಿ ಬೆಲ್ಜಿಯಂ ದೇಶದ ಆಸ್ಟೆಂಡ್ ಪಟ್ಟಣದಲ್ಲಿ ಹೂವಿನ ಉತ್ಸವವು ನಡೆಯಿತು. ಹೂವುಗಳಿಂದ ಅಲಂಕರಿಸಿದ ಗಾಡಿಗಳಲ್ಲಿ ಕುಳಿತ ಹೆಂಗಸರು ಶಹನ ಕಡೆಗೆ ಹೂಗೊಂಚಲುಗಳನ್ನು ಎಸೆಯುತ್ತಿದ್ದರು. ಇಬ್ರಾಹಿಂ ಖಾನನು ಅದನ್ನೆಲ್ಲ ತನ್ನ ಹೊಸ ಯಂತ್ರದಿಂದ ಚಿತ್ರಿಸಿಕೊಂಡನು. ಇರಾನಿ ಚಿತ್ರಗ್ರಾಹಕನೊಬ್ಬನ ಕೈಯಿಂದಾದ ಮೊದಲನೆಯ ಚಲಚ್ಚಿತ್ರವು ಇದೇ ಎಂದು ಇತಿಹಾಸಕಾರರು ಎಣಿಸುತ್ತಾರೆ. ಆದರೆ ಅದು ಅರಮನೆಯ ಆಟಿಕೆಯಾಗಿಯೇ ಉಳಿಯಿತು. ಪ್ರಜೆಗಳಿಗೆ ಅದರಿಂದ ಏನೂ ದೊರೆಯಲಿಲ್ಲ.

ಅನಂತರ ಖಾನ್ ಬಾಬಾ ಮುತಜದಿ ಎಂಬವರು ಬಂದರು. ಇವರು ಓದುವುದಕ್ಕಾಗಿ ಫ್ರಾನ್ಸಿಗೆ ಹೋದವರು. ಅಲ್ಲಿ ಹೆಸರಾಂತ ಗೋಮೋಂ ಚಿತ್ರಸಂಸ್ಥೆಯಲ್ಲಿ ಕೆಲಸ ಕಲಿತು, 1916ರಲ್ಲಿ ಕ್ಯಾಮರಾವೊಂದನ್ನು ಹಿಡಿದುಕೊಂಡು ತೆಹರಾನಿಗೆ ಹಿಂದಿರುಗಿದರು. ಮೊದಲು ಮನೆಯವರನ್ನೂ ನಂಟರಿಷ್ಟರನ್ನೂ ಚಿತ್ರಿಸಿ ಮನೆಯಲ್ಲಿಯೇ ತೋರಿಸುತ್ತಿದ್ದರು. ಮುಂದೆ 1926ರಲ್ಲಿ ರೆಜಾ ಶಹನ ಪಟ್ಟಾಭಿಷೇಕದಂತಹ ದೊಡ್ಡ ಸಮಾರಂಭಗಳನ್ನೂ ಚಿತ್ರಿಸಿದರು. ಪರದೆಯೊಳಗಿದ್ದ ಹೆಂಗಸರು ಗಂಡಸರ ನಡುವೆ ಕುಳಿತು ಚಿತ್ರ ನೋಡುವುದು ಆಗಿನ ತೆಹರಾನಿನಲ್ಲಿ ಆಗದ ಮಾತಾದುದರಿಂದ, ಹೆಂಗಸರಿಗಾಗಿಯೇ ಪ್ರತ್ಯೇಕ ಚಿತ್ರಮಂದಿರವನ್ನು ನಡೆಸಲು ಪ್ರಯತ್ನಿಸಿದವರಲ್ಲಿ ಇವರೂ ಒಬ್ಬರು. ಇರಾನಿನ ಮೊದಲನೆಯ ಕಥಾಚಿತ್ರವಾದ ‘ಆಬಿ ಮತ್ತು ರಾಬಿ’ಗೆ ಛಾಯಾಗ್ರಹಣ ಮಾಡಿದವರೂ ಇವರೇ. ಉದ್ದನೆಯವನೊಬ್ಬ, ಗಿಡ್ಡನೆಯವನೊಬ್ಬ, ಇಬ್ಬರು ವಿದೂಷಕರ ಆ ಮೂಕಚಿತ್ರವನ್ನು ಓಹಾನಿಯಾನ್ ಎಂಬವರು ನಿರ್ದೇಶಿಸಿ, 1931ರ ಜನವರಿಯಲ್ಲಿ ತೆಹರಾನಿನಲ್ಲಿ ತೋರಿಸಿದರು. ಅದು ಮುಂದೆ ಬೆಂಕಿಗೆ ಆಹುತಿಯಾಗಿ, ಈಗ ಒಂದು ತುಣುಕೂ ಉಳಿದಿಲ್ಲ.

ಹೀಗೆ ಇರಾನಿಗೆ ಕ್ಯಾಮರಾ ಬಂದಿದ್ದಿತು, ಕಣ್ಣು ಬಂದಿದ್ದಿತು. ನಾಲಗೆಯು ಮಾತ್ರ ಬಂದಿರಲಿಲ್ಲ. ಆ ನಾಲಗೆಯನ್ನು ತಂದುಕೊಟ್ಟವರು ಸೆಪಂತಾ.

ಹುಟ್ಟು ಮತ್ತು ಮುಂಬಯಿಯ ಪ್ರಯಾಣ

ಅಬ್ದುಲ್ ಹುಸೇನರು 1907ರಲ್ಲಿ ತೆಹರಾನಿನಲ್ಲಿ ಜನಿಸಿದರು. ಮನೆತನದ ಹೆಸರು ಶಿರಾಜಿ. ಮುಸಲ್ಮಾನ ಕುಟುಂಬದಲ್ಲಿ ಹುಟ್ಟಿದರೂ ಜರತುಷ್ಟ್ರ ಮತದವರ ಶಾಲೆಯಲ್ಲಿಯೂ ವ್ಯಾಸಂಗ ಮಾಡಿದುದರಿಂದ, ಇಸ್ಲಾಮಿಗೆ ಪೂರ್ವದ ಇರಾನಿನ ಮೇಲೆ ಅವರಿಗೆ ಎಳವೆಯಲ್ಲಿಯೇ ಅಪಾರವಾದ ಪ್ರೀತಿಯು ಮೂಡಿತು. ಮುಂದೆ ತಮ್ಮ ಹೆಸರಿಗೆ ಸೇರಿಸಿಕೊಂಡ ‘ಸೆಪಂತಾ’ ಎಂಬ ಪದವು ಪ್ರಾಚೀನವಾದ ಅವೆಸ್ತಾ ಭಾಷೆಯದು. ಪವಿತ್ರವಾದುದು ಎಂದು ಅದರ ಅರ್ಥ. ಹಳೆಯ ಇರಾನಿನ ಅಭಿಮಾನವು ಅವರ ಹೆಸರಿನಲ್ಲಿಯೇ ನೆಲೆಸಿತೆಂದು ಹೇಳಬಹುದು.

ಆದರೆ ಆ ಪ್ರಾಚೀನ ವಿದ್ಯೆಯನ್ನು ಕಲಿಯಬೇಕಾದರೆ ಇರಾನಿಗಿಂತ ನಮ್ಮ ದೇಶವೇ ಅನುಕೂಲವಾಗಿದ್ದಿತು. ಏಕೆಂದರೆ, ಸಾವಿರಕ್ಕಿಂತ ಹೆಚ್ಚು ವರ್ಷಗಳ ಹಿಂದೆ ತಾಯ್ನಾಡನ್ನು ಬಿಟ್ಟು ಗುಜರಾತಿನ ಕರಾವಳಿಯಲ್ಲಿ ಇಳಿದ ಪಾರ್ಸಿ ಜನರು, ತಮ್ಮ ಧರ್ಮವನ್ನೂ ಗ್ರಂಥಗಳನ್ನೂ ಇಲ್ಲಿ ಜೋಪಾನವಾಗಿ ಕಾಪಾಡಿಕೊಂಡಿದ್ದರು. ಮುಂಬಯಿಯಲ್ಲಿ ಸಂಪತ್ತನ್ನೂ ವಿದ್ವತ್ತನ್ನೂ ಗಳಿಸಿದ್ದರು. 1927ರಲ್ಲಿ, ಇಪ್ಪತ್ತು ವರ್ಷದ ಯುವಕರಾಗಿದ್ದ ಸೆಪಂತಾ ಮುಂಬಯಿಗೆ ಬಂದರು. ಇಲ್ಲಿ ದೀನಶಾ ಇರಾನಿ ಎಂಬ ವಿದ್ವಾಂಸರ ಆಶ್ರಯವು ಅವರಿಗೆ ದೊರೆಯಿತು. ದೀನಶಾ ಅವರು ವೃತ್ತಿಯಿಂದ ವಕೀಲರು; ಪ್ರವೃತ್ತಿಯಿಂದ ಇರಾನಿನ ಸಾಹಿತ್ಯ ಮತ್ತು ಧರ್ಮಗಳ ಉಪಾಸಕರು; ಕವಿ ರವೀಂದ್ರನಾಥ ಠಾಕೂರರು 1932ರಲ್ಲಿ ಇರಾನಿಗೆ ಹೋದಾಗ ಅವರ ಜೊತೆಗೆ ಹೋಗಿದ್ದವರು. ಇಂಥವರ ಸಹವಾಸದಲ್ಲಿ ಸೆಪಂತಾ ಓದಿದರು, ಬರೆದರು, ಭಾಷಾಂತರಿಸಿದರು. ಹೀಗೆಯೇ ನಡೆದಿದ್ದರೆ ಅವರು ಒಬ್ಬ ಒಳ್ಳೆಯ ಪಂಡಿತರೆನಿಸಿಕೊಂಡು ಗ್ರಂಥಗಳ ನಡುವೆಯೇ ಬಾಳನ್ನು ಕಳೆಯುತ್ತಿದ್ದರೇನೋ! ವಿಧಿಯು ಬೇರೊಂದು ದಾರಿಯನ್ನು ತೋರಿಸಿತು.

ಅರ್ದೇಶಿರ್ ಇರಾನಿ ಎಂಬ ಹೆಸರನ್ನು ಕೇಳದ ಚಿತ್ರಪ್ರೇಮಿಯು ನಮ್ಮಲ್ಲಿ ಇರಲಾರನು. ಪುಣೆಯಲ್ಲಿ ಹುಟ್ಟಿ, ಮುಂಬಯಿಯಲ್ಲಿ ಇಂಪೀರಿಯಲ್ ಫಿಲ್ಮ್ ಕಂಪನಿಯನ್ನು ನಡೆಸುತ್ತಿದ್ದ ಈ ಸಾಹಸಿಯು 1931ರ ಮಾರ್ಚಿ 14ರಂದು ‘ಆಲಂ ಆರಾ’ ಎಂಬ ಭಾರತದ ಮೊದಲನೆಯ ವಾಕ್ಚಿತ್ರವನ್ನು ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರದಲ್ಲಿ ತೋರಿಸಿ ದೇಶವನ್ನೇ ಬೆರಗುಗೊಳಿಸಿದ್ದನು. ಸ್ಟುಡಿಯೋ ಪಕ್ಕದಲ್ಲಿಯೇ ರೈಲುಮಾರ್ಗವಿದ್ದುದರಿಂದ ಹಗಲು ಹೊತ್ತು ಗಾಡಿಗಳ ಸದ್ದು ಯಂತ್ರಕ್ಕೆ ಕೇಳುತ್ತಿದ್ದಿತೆಂದೂ, ಆದುದರಿಂದ ಗಾಡಿಗಳ ಓಡಾಟ ನಿಂತ ರಾತ್ರಿಯ ವೇಳೆಯಲ್ಲಿ ಆ ಚಿತ್ರವನ್ನು ತೆಗೆದರೆಂದೂ ಪ್ರಸಿದ್ಧಿಯಿದೆ. ಅರ್ದೇಶಿರರ ಪೂರ್ವಿಕರು ಇರಾನಿನವರು. ಹಿರಿಯರ ನಾಡಿನ ಭಾಷೆಯಲ್ಲಿ ಒಂದು ಚಿತ್ರವನ್ನು ತೆಗೆಯಬೇಕೆಂಬ ಅಭಿಲಾಷೆಯು ಅವರಿಗಿದ್ದರೆ ಆಶ್ಚರ್ಯವಿಲ್ಲ. ದೀನಶಾ ಅವರ ಮೂಲಕ ಸೆಪಂತಾ ಅವರ ಪರಿಚಯವಾಯಿತು. ಒಬ್ಬರಲ್ಲಿ ಯಂತ್ರವೂ ಧನವೂ ಇದ್ದವು. ಇನ್ನೊಬ್ಬರಲ್ಲಿ ಭಾಷೆಯೂ ಕಥೆಯೂ ಇದ್ದವು. ಎರಡೂ ಕೂಡಿದವು.

‘ಲೋರ್ ಹುಡುಗಿ’

ಆ ಕೂಟದ ಫಲವೇ ‘ದುಖ್ತರ್-ಎ-ಲೋರ್’. ಎಂದರೆ ಲೋರ್ ಹುಡುಗಿ. ದುಖ್ತರ್ ಎಂಬ ಫಾರಸಿ ಮಾತು ನಮ್ಮ ಸಂಸ್ಕೃತದ ‘ದುಹಿತೃ’ವಿನ ಒಡಹುಟ್ಟು ಎಂಬುದನ್ನು ವಾಚಕರು ಗಮನಿಸುವರೆಂದು ನಂಬುತ್ತೇವೆ. ಲೋರರೆಂದರೆ ಇರಾನಿನ ಪಶ್ಚಿಮದ ಬೆಟ್ಟಗಾಡಿನಲ್ಲಿ ವಾಸಿಸುವ ಒಂದು ಜನಾಂಗ.

ಕಥೆಯು ಹೀಗಿದೆ: ಗುಲ್‌ನಾರ್ ಎಂಬ ಹುಡುಗಿಯನ್ನು ಎಳೆಯ ವಯಸ್ಸಿನಲ್ಲಿಯೇ ದರೋಡೆಗಾರರು ಅಪಹರಿಸಿದ್ದಾರೆ. ಬೆಳೆದ ಮೇಲೆ ಅವಳು ದಾರಿಬದಿಯ ಚಹದಂಗಡಿಯೊಂದರಲ್ಲಿ ಪ್ರಯಾಣಿಕರ ಮುಂದೆ ಕುಣಿದು ಹೊಟ್ಟೆ ಹೊರೆಯಬೇಕಾಗಿದೆ. ದರೋಡೆಗಾರರನ್ನು ಅಡಗಿಸುವುದಕ್ಕಾಗಿ ಸರಕಾರವು ಕಳುಹಿಸಿದ ಜಾಫರ್ ಎಂಬ ತರುಣನು ಅಲ್ಲಿಗೆ ಬರುತ್ತಾನೆ. ಇಬ್ಬರಿಗೂ ಪ್ರೀತಿಯುಂಟಾಗುತ್ತದೆ. ದರೋಡೆಗಾರರ ನಾಯಕನಾದ ಕುಲೀ ಖಾನನಿಗೆ ಇದು ಸಹಿಸದು. ಹಿಡಿಯುವುದು, ಕಟ್ಟುವುದು, ತಪ್ಪಿಸಿಕೊಳ್ಳುವುದು, ಕಾದಾಡುವುದು, ಎಲ್ಲವೂ ಆದ ಮೇಲೆ ಪ್ರೇಮಿಗಳಿಬ್ಬರೂ ಮುಂಬಯಿಗೆ ಓಡಿಬರುತ್ತಾರೆ. ಅನಂತರ ತಮ್ಮ ದೇಶದಲ್ಲಿ ಹೊಸ ಆಡಳಿತವು ಬಂದು ಶಾಂತಿಯು ನೆಲೆಸಿದೆಯೆಂಬ ಸುದ್ದಿಯನ್ನು ಕೇಳಿ ಹರ್ಷದಿಂದ ತಾಯ್ನಾಡಿಗೆ ಮರಳುತ್ತಾರೆ. ‘ನಿನ್ನೆಯ ಇರಾನ್ ಮತ್ತು ಇಂದಿನ ಇರಾನ್’ ಎಂಬ ಇನ್ನೊಂದು ಹೆಸರೂ ಈ ಚಿತ್ರಕ್ಕುಂಟು. ರೆಜಾ ಶಹನ ಆಳ್ವಿಕೆಯನ್ನು ಹೊಗಳುವ ಈ ಮುಕ್ತಾಯವು ಆಗಿನ ಅಧಿಕಾರಿಗಳಿಗೆ ಪ್ರಿಯವಾಗಿದ್ದಿರಬೇಕೆಂಬುದರಲ್ಲಿ ಸಂದೇಹವಿಲ್ಲ.

ಅರ್ದೇಶಿರ್ ಇರಾನಿಯವರು ನಿರ್ದೇಶಕರಾಗಿಯೂ ನಿರ್ಮಾಪಕರಾಗಿಯೂ ನಿಂತರು. ಸೆಪಂತಾ ಅವರು ಕಥೆ ಸಂಭಾಷಣೆಗಳನ್ನು ಬರೆದು ಜಾಫರನ ಪಾತ್ರವನ್ನೂ ತಾವೇ ವಹಿಸಿದರು. ಆದರೆ ಗುಲ್‌ನಾರಳ ಪಾತ್ರಕ್ಕೆ ಯಾರು? ಫಾರಸಿ ಮಾತನಾಡುವ ಮುಸಲ್ಮಾನ ಹೆಣ್ಣುಮಗಳೊಬ್ಬಳು ಮುಖದ ಪರದೆ ತೆಗೆದು ಕ್ಯಾಮರಾದ ಮುಂದೆ ನಿಲ್ಲುವುದೆಂದರೆ ಆಗ ಊಹೆಗೂ ಮೀರಿದ ಮಾತು. ಬಹಳ ಹುಡುಕಾಟವಾದ ಮೇಲೆ, ಇಂಪೀರಿಯಲ್ ಕಂಪನಿಯಲ್ಲಿಯೇ ಕೆಲಸದಲ್ಲಿದ್ದ ಇರಾನಿ ಗೃಹಸ್ಥನೊಬ್ಬನ ಹೆಂಡತಿ, ರೂಹ್‌ಅಂಗೀಜ್ ಸಾಮಿನಿಜಾದ್ ಎಂಬಾಕೆಯು ಒಪ್ಪಿಕೊಂಡಳು. ಆಕೆಯು ಇರಾನಿನ ಕೆರ್ಮಾನ್ ಪ್ರಾಂತದ ಬಾಮ್ ಎಂಬ ಊರಿನವಳು. ವಯಸ್ಸು ಇನ್ನೂ ಇಪ್ಪತ್ತು ದಾಟಿರಲಿಲ್ಲ. ನಾಟಕದ ಅನುಭವವಾಗಲಿ ಶಿಕ್ಷಣವಾಗಲಿ ಇರಲಿಲ್ಲ. ಸಾಲದುದಕ್ಕೆ ಆಕೆಯ ಮಾತೆಲ್ಲವೂ ಕೆರ್ಮಾನಿನ ಹಳ್ಳಿಯ ಧಾಟಿಯದು. ಆ ಕಾಲದಲ್ಲಿ ನಟರ ಮಾತನ್ನು ಚಿತ್ರ ತೆಗೆಯುವಾಗಲೇ ಯಂತ್ರಕ್ಕೆ ಹಿಡಿಸುತ್ತಿದ್ದರು. ಈಗಿನಂತೆ ಬೇರೊಬ್ಬರ ಕಂಠವನ್ನು ಆಮೇಲೆ ಜೋಡಿಸುವ ರೂಢಿಯಿರಲಿಲ್ಲ. ಆದುದರಿಂದ ಸೆಪಂತಾ ಅವರು ಹುಡುಗಿಯ ನುಡಿಯನ್ನು ತಿದ್ದುವುದರ ಬದಲು ಕಥೆಯನ್ನೇ ಆಕೆಯ ನುಡಿಗೆ ಒಗ್ಗುವಂತೆ ತಿದ್ದಿಕೊಂಡರು. ಬೆಟ್ಟಗಾಡಿನ ಹುಡುಗಿಯ ಬಾಯಲ್ಲಿ ಆ ಒರಟು ಸೊಗಡು ಪ್ರೇಕ್ಷಕರಿಗೆ ಹಿತವಾಗಿಯೇ ಕೇಳಿಸಿತು.

ಏಳು ತಿಂಗಳ ದುಡಿಮೆಯಿಂದ ಚಿತ್ರವು ಮುಗಿಯಿತು. 1933ರ ಕೊನೆಯಲ್ಲಿ ಅದು ತೆಹರಾನನ್ನು ಮುಟ್ಟಿ ಮಾಯಕ್ ಮತ್ತು ಸಿಪಾಹ್ ಎಂಬ ಚಿತ್ರಮಂದಿರಗಳಲ್ಲಿ ಪ್ರದರ್ಶಿತವಾಯಿತು. ಅದುವರೆಗೆ ಪರದೇಶದವರ ಮುಖಗಳನ್ನೂ ಪರಭಾಷೆಯ ಮಾತನ್ನೂ ನೋಡಿ ಕೇಳಿ ಸಾಕಾಗಿದ್ದ ಜನರು, ತಮ್ಮ ಮನೆಯ ಮಾತು ತೆರೆಯಿಂದ ಹೊರಡುವುದನ್ನು ಕೇಳಿ ಮೈಮರೆತರು. ಚಿತ್ರವು ತಿಂಗಳುಗಟ್ಟಲೆ ಓಡಿತು. ಇದರ ಮುಂದೆ, ಓಹಾನಿಯಾನ್ ಅವರು ಕಷ್ಟಪಟ್ಟು ತೆಹರಾನಿನಲ್ಲಿಯೇ ತಯಾರಿಸಿದ ‘ಹಾಜಿ ಆಘಾ’ ಎಂಬ ಮೂಕಚಿತ್ರವನ್ನು ಕೇಳುವವರೇ ಇಲ್ಲವಾದರು. ಮಾತು ಬಂದ ಮೇಲೆ ಮೌನಕ್ಕೆ ಬೆಲೆಯೆಲ್ಲಿ?

ಹುಡುಗಿಯ ಪಾಲಿಗೆ ಬಂದದ್ದು

ಇಲ್ಲಿ ನಾವು ಒಂದು ಕ್ಷಣ ನಿಂತು ಆ ಹೆಣ್ಣುಮಗಳ ವಿಚಾರವನ್ನು ಹೇಳದೆ ಮುಂದುವರಿಯಲಾರೆವು. ಚಿತ್ರವನ್ನು ನೋಡಿ ಚಪ್ಪಾಳೆ ತಟ್ಟಿದ ಸಮಾಜವೇ ಆಕೆಯನ್ನು ಹೀನಾಯವಾಗಿ ಕಂಡಿತು. ನಂಟರು ದೂರವಾದರು, ಬೀದಿಯಲ್ಲಿ ನಿಂದೆ ಕಿರುಕುಳಗಳನ್ನು ಆಕೆ ಅನುಭವಿಸಬೇಕಾಯಿತು. ‘ಶೀರೀನ್ ಮತ್ತು ಫರ್ಹಾದ್’ ಚಿತ್ರದಲ್ಲಿ ಸಣ್ಣದೊಂದು ಪಾತ್ರವನ್ನು ವಹಿಸಿದ ಬಳಿಕ ಆಕೆ ಚಿತ್ರರಂಗವನ್ನು ಬಿಟ್ಟು, ಮುಂದಿನ ಹಲವು ದಶಕಗಳನ್ನು ಯಾರಿಗೂ ಗುರುತಾಗದಂತೆ ಕಳೆದಳು. 1997ರಲ್ಲಿ ಆಕೆಯು ತೀರಿಕೊಂಡಳು. ಜಾಫರನಾಗಿ ನಟಿಸಿದ ಗಂಡಸಿಗೆ ಕೀರ್ತಿಯೂ, ಗುಲ್‌ನಾರಳಾಗಿ ನಟಿಸಿದ ಹೆಂಗಸಿಗೆ ಅಪಕೀರ್ತಿಯೂ ಒಂದೇ ಚಿತ್ರದಿಂದ ಬಂದವು. ನಮ್ಮ ದೇಶದಲ್ಲಿಯೂ ಮೊದಮೊದಲು ರಂಗವನ್ನೇರಿದ ಹೆಣ್ಣುಮಕ್ಕಳ ಪಾಡು ಇದಕ್ಕಿಂತ ಬೇರೆಯಾಗಿರಲಿಲ್ಲವೆಂಬುದನ್ನು ನೆನೆದಾಗ ನಾವು ಇನ್ನೊಬ್ಬರನ್ನು ಆಡಿಕೊಳ್ಳುವಂತಿಲ್ಲ. ಕಲೆಯನ್ನು ಮೆಚ್ಚಿ ಕಲಾವಿದೆಯನ್ನು ಹಳಿಯುವುದು ಹಣ್ಣನ್ನು ತಿಂದು ಮರಕ್ಕೆ ಕಲ್ಲೆಸೆದಂತೆ.

ಫಿರ್ದೌಸಿಯ ಚಿತ್ರ

ಮೊದಲನೆಯ ಚಿತ್ರದ ಜಯದಿಂದ ಸೆಪಂತಾ ಅವರ ಕೈಗೆ ನಿರ್ದೇಶನದ ಅಧಿಕಾರವೂ ಬಂದಿತು. 1934ರಲ್ಲಿ ಇರಾನ್ ದೇಶವು ಮಹಾಕವಿ ಫಿರ್ದೌಸಿಯ ಸಹಸ್ರಮಾನೋತ್ಸವವನ್ನು ಆಚರಿಸಿತು; ಅದೇ ವರ್ಷದ ಅಕ್ಟೋಬರಿನಲ್ಲಿ ತೂಸ್ ಎಂಬಲ್ಲಿ ಕವಿಯ ಹೊಸ ಸಮಾಧಿಮಂದಿರವನ್ನು ಶಹನು ಉದ್ಘಾಟಿಸಿದನು. ಆ ಸಂದರ್ಭಕ್ಕೆಂದೇ ಸೆಪಂತಾ ‘ಫಿರ್ದೌಸಿ’ ಎಂಬ ಚಿತ್ರವನ್ನು ತಯಾರಿಸಿ, ಕವಿಯ ಪಾತ್ರವನ್ನು ತಾವೇ ಧರಿಸಿದರು.

ಫಿರ್ದೌಸಿಯ ವಿಚಾರವಾಗಿ ಪೂರ್ವದಿಂದಲೂ ಹೇಳಿಕೊಂಡು ಬಂದಿರುವ ಐತಿಹ್ಯವೊಂದುಂಟು. ಗಜನಿಯ ಸುಲ್ತಾನ ಮಹಮೂದನು ಒಂದೊಂದು ದ್ವಿಪದಿಗೆ ಒಂದೊಂದು ಚಿನ್ನದ ನಾಣ್ಯವನ್ನು ಕೊಡುವೆನೆಂದು ಮಾತುಕೊಟ್ಟನಂತೆ. ಕವಿಯು ಮೂವತ್ತು ವರ್ಷಗಳಿಗೂ ಮೇಲ್ಪಟ್ಟು ದುಡಿದು ‘ಶಾಹನಾಮೆ’ಯನ್ನು ಮುಗಿಸಿ ತಂದಾಗ ಚಿನ್ನದ ಬದಲು ಬೆಳ್ಳಿಯು ಬಂದಿತಂತೆ. ಸ್ನಾನಗೃಹದಲ್ಲಿದ್ದ ಕವಿಯು ಆ ಬೆಳ್ಳಿಯನ್ನು ನೀರು ಹಾಕುವವನಿಗೂ ಪಾನಕ ಮಾರುವವನಿಗೂ ಹಂಚಿಕೊಟ್ಟು ಹೊರಟುಹೋದನಂತೆ. ಅನೇಕ ವರ್ಷಗಳ ಮೇಲೆ ಪಶ್ಚಾತ್ತಾಪಪಟ್ಟ ಸುಲ್ತಾನನು ಕಳುಹಿಸಿದ ಸಂಪತ್ತು ತೂಸ್ ಪಟ್ಟಣದ ಒಂದು ಬಾಗಿಲಿನಿಂದ ಒಳಗೆ ಬರುತ್ತಿರುವಾಗಲೇ ಕವಿಯ ಶವವು ಇನ್ನೊಂದು ಬಾಗಿಲಿನಿಂದ ಹೊರಗೆ ಹೋಗುತ್ತಿದ್ದಿತಂತೆ.

ಇಂಥ ಕಥೆಯಲ್ಲಿ ಅರಸನ ಚಿತ್ರವು ಸೊಗಸಾಗಿ ಬರುವುದು ಹೇಗೆ ಸಾಧ್ಯ? ಮಹಮೂದನನ್ನು ತೋರಿಸಿದ ಬಗೆಯು ರೆಜಾ ಶಹನಿಗೆ ಹಿಡಿಸಲಿಲ್ಲವೆಂದೂ, ಆ ದೃಶ್ಯಗಳನ್ನು ಬದಲಾಯಿಸುವಂತೆ ಅಪ್ಪಣೆಯಾಯಿತೆಂದೂ, ಸೆಪಂತಾ ಅವನ್ನು ಮತ್ತೆ ತೆಗೆಯಬೇಕಾಯಿತೆಂದೂ ಇತಿಹಾಸಕಾರರು ಬರೆಯುತ್ತಾರೆ. ಸಾವಿರ ವರ್ಷಗಳ ಹಿಂದಿನ ದೊರೆಯ ಕೃಪಣತನವನ್ನು ತೋರಿಸಿದರೆ ಇಂದಿನ ದೊರೆಯ ಹುಬ್ಬು ಗಂಟಿಕ್ಕುತ್ತದೆ! ಚಿತ್ರಕ್ಕೆ ಮೊದಲಿನಷ್ಟು ಜಯವು ದೊರೆಯಲಿಲ್ಲ. ಸೆಪಂತಾ ಅವರಿಗೆ ಇದು ಮುಂದೆ ಬರಲಿರುವುದರ ಮುನ್ಸೂಚನೆಯಾಗಿದ್ದಿತು. ಅವರು ಅದನ್ನು ಆಗ ಅರಿತರೋ ಇಲ್ಲವೋ ಬಲ್ಲವರಾರು?

ಇನ್ನು ಮೂರು ಚಿತ್ರಗಳು

ಅನಂತರ ಬಂದದ್ದು ‘ಶೀರೀನ್ ಮತ್ತು ಫರ್ಹಾದ್’. ನಿಜಾಮಿ ಕವಿಯ ಕಾವ್ಯದಿಂದ ಪ್ರಸಿದ್ಧವಾದ ಈ ಪ್ರೇಮಕಥೆಯಲ್ಲಿ, ಪ್ರಿಯೆಗಾಗಿ ಬೆಟ್ಟವನ್ನೇ ಕಡಿಯುವ ಶಿಲ್ಪಿಯೊಬ್ಬನು ಆಕೆಯು ಸತ್ತಳೆಂಬ ಸುಳ್ಳು ಸುದ್ದಿಯನ್ನು ನಂಬಿ ಪ್ರಾಣ ಬಿಡುತ್ತಾನೆ. ನಮ್ಮ ಆಗಿನ ಪೌರಾಣಿಕ ಚಿತ್ರಗಳಂತೆ ಇದರಲ್ಲಿಯೂ ಹಾಡಿಗೆ ಪ್ರಾಧಾನ್ಯವಿದ್ದು, ಮಾತಿನ ಬಹುಭಾಗವು ಪದ್ಯರೂಪದಲ್ಲಿದ್ದಿತು. ನಾಯಿಕೆಯಾಗಿ ಫಖ್ರುಜ್ಜಮಾನ್ ಜಬ್ಬಾರ್ ವಜೀರಿ ಎಂಬಾಕೆಯು ನಟಿಸಿದಳು.

‘ಚಶ್ಮ್‌ಹಾಯೆ ಸಿಯಾಹ್’, ಎಂದರೆ ‘ಕಪ್ಪು ಕಣ್ಣುಗಳು’, ಎಂಬ ನಾಲ್ಕನೆಯ ಚಿತ್ರವು 1936ರಲ್ಲಿ ಮುಂಬಯಿಯ ಶ್ರೀಕೃಷ್ಣ ಫಿಲ್ಮ್ ಕಂಪನಿಯಲ್ಲಿ ತಯಾರಾಯಿತು. ನಾದಿರ್ ಶಹನು ನಮ್ಮ ದೇಶದ ಮೇಲೆ ದಂಡೆತ್ತಿ ಬಂದ ಕಾಲವೇ ಅದರ ಹಿನ್ನೆಲೆ. 1739ರಲ್ಲಿ ದಿಲ್ಲಿಯನ್ನು ಸುಲಿದು ಮಯೂರಸಿಂಹಾಸನವನ್ನು ಹೊತ್ತುಕೊಂಡು ಹೋದ ಆ ವೀರನ ಕಾಲದ ಕಥೆಯನ್ನು, ಸುಲಿಗೆಗೊಳಗಾದ ದೇಶದ ಸ್ಟುಡಿಯೋದಲ್ಲಿಯೇ, ಈ ದೇಶದ ಕುಶಲಕರ್ಮಿಗಳ ನೆರವಿನಿಂದಲೇ ಚಿತ್ರಿಸಿದರೆಂಬುದು ಇತಿಹಾಸದ ವಿನೋದಗಳಲ್ಲೊಂದು. ಖಡ್ಗವು ಕಡಿದದ್ದನ್ನು ಕಲೆಯು ಕೂಡಿಸುತ್ತದೆಯೆಂದು ಭಾವಿಸಿದರೆ ಮನಸ್ಸಿಗೆ ಸಮಾಧಾನವಾಗುತ್ತದೆ.

ಐದನೆಯದೂ ಕೊನೆಯದೂ ಆದ ‘ಲೈಲಿ ಮತ್ತು ಮಜನೂನ್’ ಕಲಕತ್ತೆಯ ಈಸ್ಟ್ ಇಂಡಿಯಾ ಫಿಲ್ಮ್ ಕಂಪನಿಯಲ್ಲಿ ಸಿದ್ಧವಾಯಿತು. ಹೀಗೆ ಮೂರು ನಾಲ್ಕು ವರ್ಷಗಳಲ್ಲಿ ಐದು ಚಿತ್ರಗಳು. ಅವುಗಳಲ್ಲಿ ಒಂದೂ ಇರಾನಿನ ನೆಲದಲ್ಲಿ ತಯಾರಾದುದಲ್ಲ. ಬರಹ, ನಟನೆ, ನಿರ್ದೇಶನ, ಇವೆಲ್ಲವನ್ನೂ ಒಬ್ಬರೇ ಹೊತ್ತುಕೊಂಡು, ಪರಭಾಷೆಯ ಕೆಲಸಗಾರರ ನಡುವೆ ತಮ್ಮ ಭಾಷೆಯ ಚಿತ್ರವನ್ನು ತೆಗೆಯುವುದು ಎಷ್ಟು ಪ್ರಯಾಸದ ಕೆಲಸವೆಂಬುದನ್ನು ಕೊಲ್ಲಾಪುರಕ್ಕೆ ಹೋಗಿ ಬಂದ ನಮ್ಮ ಹಿರಿಯ ಕಲಾವಿದರು ಚೆನ್ನಾಗಿ ಬಲ್ಲವರಾಗಿದ್ದರು.

ತಾಯ್ನಾಡಿನ ಸ್ವಾಗತ

ಸೆಪಂತಾ ಅವರ ಮನಸ್ಸಿನಲ್ಲಿ ಬಹಳ ದಿನಗಳಿಂದ ಒಂದೇ ಆಸೆಯಿದ್ದಿತು: ಮುಂಬಯಿ ಕಲಕತ್ತೆಗಳಲ್ಲಿ ಕಲಿತುದನ್ನು ತೆಹರಾನಿಗೆ ಕೊಂಡೊಯ್ದು, ಅಲ್ಲಿಯೇ ಒಂದು ಸ್ಟುಡಿಯೋವನ್ನು ಕಟ್ಟಬೇಕು, ಇರಾನಿನ ಚಿತ್ರವು ಇರಾನಿನಲ್ಲಿಯೇ ಹುಟ್ಟಬೇಕು. ಈ ಆಸೆಯನ್ನು ಹೊತ್ತು, ‘ಲೈಲಿ ಮತ್ತು ಮಜನೂನ್’ ಚಿತ್ರದ ಪ್ರತಿಯೊಂದನ್ನು ಜೊತೆಗಿಟ್ಟುಕೊಂಡು, 1936ರಲ್ಲಿ ಅವರು ಬುಶಹರ್ ಬಂದರಿನಲ್ಲಿ ಇಳಿದರು.

ತಾಯ್ನಾಡಿನ ಸ್ವಾಗತವು ಹೇಗಿದ್ದಿತೆಂಬುದನ್ನು ಅವರೇ ಮುಂದೆ ನೆನೆದು ಹೇಳಿಕೊಂಡಿದ್ದಾರೆ. ಬಂದರಿನ ಅಧಿಕಾರಿಗಳು ಕಾಗದಪತ್ರದ ತೊಡಕುಗಳನ್ನು ಮುಂದೊಡ್ಡಿ ಚಿತ್ರದ ಪ್ರತಿಯನ್ನು ತಡೆಹಿಡಿದರು. ಅದನ್ನು ಅಲ್ಲಿಯೇ ಬಿಟ್ಟು ಬರಿಗೈಯಲ್ಲಿ ತೆಹರಾನಿಗೆ ಹೋಗಬೇಕಾಯಿತು. ರಾಜಧಾನಿಯಲ್ಲಿಯೂ ಅವರನ್ನು ವಿಶ್ವಾಸದಿಂದ ಮಾತನಾಡಿಸಿದವರಿಲ್ಲ. ಚಲಚ್ಚಿತ್ರವು ಒಂದು ಕಲೆಯೆಂದಾಗಲಿ, ಜನರಿಗೆ ತಿಳಿವಳಿಕೆಯನ್ನು ಕೊಡುವ ಒಂದು ಸಾಧನವೆಂದಾಗಲಿ ಅಧಿಕಾರದಲ್ಲಿದ್ದವರಿಗೆ ತೋರಲಿಲ್ಲ. ಸ್ಟುಡಿಯೋದ ಮಾತು ಹಾಗಿರಲಿ, ತಂದ ಚಿತ್ರವನ್ನು ತೋರಿಸುವ ಅನುಮತಿಯೇ ದುರ್ಲಭವಾಯಿತು. ಕೊನೆಗೆ ಚಿತ್ರಮಂದಿರದ ಒಡೆಯರು ಅದನ್ನು ಹೆಚ್ಚುಕಡಿಮೆ ಪುಕ್ಕಟೆಯಾಗಿಯೇ ಕಿತ್ತುಕೊಂಡರು. ಫಿರ್ದೌಸಿಗೆ ಚಿನ್ನದ ಬದಲು ಬೆಳ್ಳಿಯಾದರೂ ಬಂದಿತ್ತು; ಫಿರ್ದೌಸಿಯ ವೇಷ ಹಾಕಿದವರಿಗೆ ಅದೂ ಬರಲಿಲ್ಲ.

ಕಲಕತ್ತೆಗೆ ಮರಳಿ ಹೋಗಬಹುದಾಗಿದ್ದಿತು. ಅಲ್ಲಿ ಕೆಲಸವೂ ಗೆಳೆಯರೂ ಇದ್ದರು. ಆದರೆ ಆ ಸಮಯಕ್ಕೆ ಸರಿಯಾಗಿ ಅವರ ತಾಯಿಯು ಕಾಯಿಲೆ ಬಿದ್ದರು. ಹೆತ್ತ ತಾಯಿಯನ್ನು ಹಾಸಿಗೆಯ ಮೇಲೆ ಬಿಟ್ಟು ಸಮುದ್ರವನ್ನು ದಾಟಿಹೋಗಲು ಮಗನ ಮನಸ್ಸು ಒಪ್ಪಲಿಲ್ಲ. ಅವರು ಇಸ್ಫಹಾನಿನಲ್ಲಿ ನಿಂತರು. ಉಣ್ಣೆಯ ಕಾರ್ಖಾನೆಯೊಂದರಲ್ಲಿ ಉದ್ಯೋಗವನ್ನು ಹಿಡಿದರು. ಐದು ಚಿತ್ರಗಳ ನಾಯಕರಾಗಿ, ದೇಶಕ್ಕೆ ದೇಶವೇ ಗುರುತಿಸುತ್ತಿದ್ದ ವ್ಯಕ್ತಿಯು ಮೂವತ್ತನೆಯ ವಯಸ್ಸಿನಲ್ಲಿ ಉಣ್ಣೆಯ ಲೆಕ್ಕಗಳ ನಡುವೆ ಕುಳಿತರು.

ಅವರೊಬ್ಬರು ಕೈಬಿಟ್ಟುದರಿಂದ ನಷ್ಟವಾದದ್ದು ಅವರೊಬ್ಬರಿಗೇ ಅಲ್ಲ. ‘ಲೈಲಿ ಮತ್ತು ಮಜನೂನ್’ ಆದ ಬಳಿಕ ಹತ್ತು ವರ್ಷಗಳಿಗೂ ಮಿಕ್ಕಿ ಫಾರಸಿ ಭಾಷೆಯಲ್ಲಿ ಹೊಸ ಕಥಾಚಿತ್ರವೇ ಹುಟ್ಟಲಿಲ್ಲ. 1948ರಲ್ಲಿ ಇಸ್ಮಾಯಿಲ್ ಕೂಶಾನ್ ಎಂಬವರು ತಯಾರಿಸಿದ ‘ತೂಫಾನೆ ಜಿಂದಗೀ’ಯಿಂದ ಇರಾನಿನ ನೆಲದಲ್ಲಿ ವಾಕ್ಚಿತ್ರದ ಕೆಲಸವು ಆರಂಭವಾಯಿತು. ನಡುವಿನ ಆ ಹತ್ತು ವರ್ಷಗಳಲ್ಲಿ ಇರಾನಿನ ಮಕ್ಕಳು ತೆರೆಯ ಮೇಲೆ ಪರದೇಶದವರ ಕಥೆಗಳನ್ನೇ ನೋಡಿದರು. ಬಂದರಿನಲ್ಲಿ ಒಂದು ಪೆಟ್ಟಿಗೆಯನ್ನು ತಡೆಹಿಡಿದವರಿಗೆ ತಾವು ಏನನ್ನು ತಡೆಹಿಡಿದೆವೆಂಬುದು ತಿಳಿದಿರಲಾರದು.

ಇಸ್ಫಹಾನಿನ ದಿನಗಳು

ಆದರೂ ಸೆಪಂತಾ ಅವರು ಮನಸ್ಸನ್ನು ಕಹಿಮಾಡಿಕೊಂಡು ಸುಮ್ಮನೆ ಕೂರಲಿಲ್ಲ. 1943ರಲ್ಲಿ ‘ಸೆಪಂತಾ’ ಎಂಬ ಪತ್ರಿಕೆಯನ್ನು ಇಸ್ಫಹಾನಿನಲ್ಲಿ ಹೊರಡಿಸಿದರು. ಕವಿತೆಗಳನ್ನು ಬರೆದರು. ತಾವು ನೆಲೆಸಿದ ಆ ಸುಂದರವಾದ ನಗರದ ಚರಿತ್ರೆಯನ್ನು ಸಂಶೋಧಿಸಿ, ಅಲ್ಲಿನ ಧರ್ಮದತ್ತಿಗಳ ಇತಿಹಾಸವನ್ನು ಕುರಿತು ಗ್ರಂಥವನ್ನು ರಚಿಸಿದರು. ಮುಂಬಯಿಗೆ ಬಂದ ಯುವಕನು ಯಾವ ವಿದ್ಯೆಯನ್ನು ಅರಸಿ ಬಂದಿದ್ದನೋ ಆ ವಿದ್ಯೆಯೇ ಮುಪ್ಪಿನಲ್ಲಿ ಅವರ ಕೈಹಿಡಿಯಿತು.

ಚಿತ್ರದ ಮೋಹವು ಮಾತ್ರ ಬಿಟ್ಟುಹೋಗಿರಲಿಲ್ಲ. ಕೊನೆಯ ಎರಡು ಮೂರು ವರ್ಷಗಳಲ್ಲಿ ಅವರು 8 ಮಿಲಿಮೀಟರಿನ ಸಣ್ಣದೊಂದು ಕ್ಯಾಮರಾವನ್ನು ಸಂಪಾದಿಸಿ, ಯಾವ ಕಂಪನಿಯ ಹಂಗೂ ಇಲ್ಲದೆ, ಯಾವ ಅಧಿಕಾರಿಯ ಅನುಮತಿಯೂ ಬೇಡದೆ, ಕೆಲವು ಕಿರುಚಿತ್ರಗಳನ್ನು ತೆಗೆದರು. ಮನೆಮಂದಿಯು ಹಬ್ಬಹುಣ್ಣಿಮೆಗಳಲ್ಲಿ ಬಳಸುವಂಥ ಯಂತ್ರವದು. ಮೊದಲು ಮುಂಬಯಿಯ ದೊಡ್ಡ ದೀಪಗಳ ಮುಂದೆ ನಿಂತು ಬೇರೆಯವರ ಕ್ಯಾಮರಾಕ್ಕೆ ಮುಖಕೊಟ್ಟವರು, ಈಗ ಇಸ್ಫಹಾನಿನ ಬಿಸಿಲಿನಲ್ಲಿ ತಾವೇ ಕ್ಯಾಮರಾದ ಹಿಂದೆ ನಿಂತು ತಮ್ಮ ಕಣ್ಣಿಗೆ ಚೆನ್ನಾಗಿ ಕಂಡುದನ್ನು ಹಿಡಿದಿಟ್ಟರು. ಮೂವತ್ತು ವರ್ಷಗಳ ಮೇಲೆ, ಅವರ ಚಿತ್ರವು ಕೊನೆಗೂ ಅವರ ದೇಶದಲ್ಲಿಯೇ ಹುಟ್ಟಿತು. ನೋಡುವವರು ನಾಲ್ಕೇ ಮಂದಿಯಾದರೇನು?

1969ರ ಮಾರ್ಚಿಯಲ್ಲಿ ಇಸ್ಫಹಾನಿನಲ್ಲಿ ಸೆಪಂತಾ ಕಾಲವಾದರು. ಅದೇ ವರ್ಷದ ಅಕ್ಟೋಬರಿನಲ್ಲಿ ಮುಂಬಯಿಯಲ್ಲಿ ಅರ್ದೇಶಿರ್ ಇರಾನಿಯವರೂ ತೀರಿಕೊಂಡರು. ಲೋರ್ ಹುಡುಗಿಯ ತಂದೆಯರಿಬ್ಬರೂ ಒಂದೇ ವರ್ಷದಲ್ಲಿ ಹೊರಟುಹೋದಂತಾಯಿತು.

ಉಳಿದುದು

ಅರ್ದೇಶಿರರ ‘ಆಲಂ ಆರಾ’ದ ಒಂದು ಪ್ರತಿಯೂ ಇಂದು ನಮ್ಮ ದೇಶದಲ್ಲಿ ದೊರೆಯದು. ನಮ್ಮ ‘ಸತೀ ಸುಲೋಚನಾ’ವಂತೂ ಹೆಸರಿಗಷ್ಟೇ ಉಳಿದಿದೆ. ಆದರೆ ಅದೇ ಇಂಪೀರಿಯಲ್ ಕಂಪನಿಯಲ್ಲಿ ತಯಾರಾದ ‘ದುಖ್ತರ್-ಎ-ಲೋರ್’ ಉಳಿದುಕೊಂಡಿದೆ. ತೆಹರಾನಿನಲ್ಲಿ ಅದನ್ನು ಕಾಪಾಡಿದ್ದಾರೆ. ಇಂದಿಗೂ ಗುಲ್‌ನಾರಳ ಕೆರ್ಮಾನಿ ಧಾಟಿಯ ಮಾತನ್ನು ಕೇಳಬಹುದು. ನಾವು ಕಳೆದುಕೊಂಡ ಆ ಕಾಲದ ಮುಂಬಯಿಯ ಸ್ಟುಡಿಯೋದ ಕೈಚಳಕವನ್ನು ನೋಡಬೇಕಾದರೆ ಒಂದು ಫಾರಸಿ ಚಿತ್ರದ ಸಾಕ್ಷ್ಯವನ್ನೂ ಕೇಳಬೇಕಾಗಿರುವುದು ನಮಗೆ ಸ್ವಲ್ಪ ನಾಚಿಕೆಯ, ಸ್ವಲ್ಪ ಸಂತೋಷದ ವಿಷಯ.

ಇರಾನಿಗೂ ನಮಗೂ ನಂಟು ಹೊಸದಲ್ಲ. ಬೀದರಿನಲ್ಲಿ ವಿದ್ಯಾಲಯವನ್ನು ಕಟ್ಟಿಸಿದ ಮಹಮೂದ್ ಗವಾನನು ಇರಾನಿನ ಗಿಲಾನ್ ಪ್ರಾಂತದವನು. ಮೈಸೂರಿನ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲರ ಪೂರ್ವಿಕರು ಶಿರಾಜಿನಿಂದ ಕುದುರೆಗಳನ್ನು ಮಾರಲು ಬೆಂಗಳೂರಿಗೆ ಬಂದವರು. ನಾವು ದಿನವೂ ಆಡುವ ಬಜಾರು, ದಫ್ತರ, ಗುಲಾಬಿ ಮೊದಲಾದ ಮಾತುಗಳು ಆ ನಾಡಿನಿಂದ ಬಂದವು. ಕೊಟ್ಟು ಕೊಳ್ಳುವ ಈ ಹಳೆಯ ಲೆಕ್ಕದಲ್ಲಿ ನಮ್ಮ ಕಡೆಯಿಂದ ಸಂದ ಒಂದು ಕಾಣಿಕೆಯೆಂದರೆ ಫಾರಸಿಯ ಮೊದಲನೆಯ ವಾಕ್ಚಿತ್ರ.

ಸೆಪಂತಾ ಅವರ ಜೀವನದಿಂದ ನಾವು ತಿಳಿಯಬೇಕಾದ ಪಾಠವೇನು? ಪ್ರತಿಭೆಯು ಎಲ್ಲಿ ಬೇಕಾದರೂ ಹುಟ್ಟುತ್ತದೆ. ಅದು ಬೆಳೆಯುವುದು ಮಾತ್ರ ನೀರು ಸಿಕ್ಕಿದ ಕಡೆಯಲ್ಲಿ. ನಾಲ್ಕು ವರ್ಷ ಮುಂಬಯಿ ಕಲಕತ್ತೆಗಳು ನೀರೆರೆದವು, ಐದು ಹೂ ಅರಳಿದವು. ತಾಯ್ನಾಡು ಮೂವತ್ತು ವರ್ಷ ಎರೆಯದೆ ಹೋಯಿತು. ಇಂಥವರು ನಮ್ಮ ನಡುವೆಯೂ, ನಮ್ಮ ಮನೆಗಳಲ್ಲಿಯೇ ಇರಬಹುದು. ಅವರು ದೂರದ ಊರಿನಿಂದ ಪೆಟ್ಟಿಗೆಯೊಂದನ್ನು ಹೊತ್ತು ಬಾಗಿಲಿಗೆ ಬಂದಾಗ, ಅದರಲ್ಲೇನಿದೆಯೆಂದು ಒಂದು ಸಲವಾದರೂ ತೆರೆದು ನೋಡುವಷ್ಟು ತಾಳ್ಮೆಯು ನಮ್ಮಲ್ಲಿರಲಿ ಎಂಬುದೇ ನಮ್ಮ ಹಾರೈಕೆ.